ಸೈನಿಕರನ್ನು ನಗಿಸಿದ ಚಾರ್ಲಿ ಚಾಪ್ಲಿನ್

ಚಾರ್ಲಿ ಚಾಪ್ಲಿನ್ 1889ರ ಏಪ್ರಿಲ್ 16ರಂದು ಇಂಗ್ಲೆಂಡಿನಲ್ಲಿ ಹುಟ್ಟಿದರು. ತಂದೆ, ತಾಯಿ ಇಬ್ಬರೂ ರಂಗಗಾಯಕರು. ಆಲ್ಡರ್‌ಶಾಟ್ ಎಂಬ ದಂಡಿನ ಊರಿನಲ್ಲಿ ಒಮ್ಮೆ ಹಾಡುತ್ತಿದ್ದಾಗಲೇ ತಾಯಿಯ ದನಿ ಕೈಕೊಟ್ಟಿತು. ಗೇಲಿ ಮಾಡುತ್ತಿದ್ದ ಸೈನಿಕರ ಮುಂದೆ ಐದು ವರ್ಷದ ಚಾರ್ಲಿ ನಿಂತು ಹಾಡಿದ. ವೇದಿಕೆಗೆ ನಾಣ್ಯಗಳು ಬಿದ್ದವು! ಆದರೆ ತಾಯಿಯ ದನಿ ಮರಳಲಿಲ್ಲ. ಏಳನೇ ವಯಸ್ಸಿಗೆ ಆತ ಬಡವರ ಆಶ್ರಯಧಾಮ ಸೇರಬೇಕಾಯಿತು.

1914ರಲ್ಲಿ ಅಮೆರಿಕದ ಮೂಕಿ ಚಿತ್ರಗಳಲ್ಲಿ ನಟಿಸತೊಡಗಿ ಬೇಗನೆ ಜಗತ್ಪ್ರಸಿದ್ಧರಾದರು. ಅದೇ ವರ್ಷ ಮೊದಲ ಮಹಾಯುದ್ಧವೂ ಶುರುವಾಯಿತು. ಸೈನ್ಯ ಸೇರಲಿಲ್ಲವೆಂದು ಕೆಲವರು ಅವರನ್ನು ಜರೆದರು. ಹೇಡಿತನದ ಗುರುತಾದ ಬಿಳಿ ಗರಿಗಳನ್ನು ಅಂಚೆಯಲ್ಲಿ ಕಳಿಸಿದರು.

ಯುದ್ಧದ ಬಗ್ಗೆ ತಮಾಷೆ ಬೇಡವೆಂದು ಗೆಳೆಯರು ಹೇಳಿದರೂ ಕೇಳದೆ ಅವರು 'ಷೋಲ್ಡರ್ ಆರ್ಮ್ಸ್' ಮಾಡಿದರು. ಅದರಲ್ಲಿ ಅವರದು ಕವಾಯತಿನಲ್ಲಿ ಪಾದ ನೇರವಾಗಿಡಲೂ ಬಾರದ ಸಿಪಾಯಿಯ ಪಾತ್ರ. ಕಂದಕದಲ್ಲಿ ನೀರು ತುಂಬಿದಾಗ ಗ್ರಾಮಫೋನಿನ ಕೊಂಬಿನಿಂದ ಉಸಿರಾಡುತ್ತಾನೆ, ಮರದ ಬೊಡ್ಡೆಯ ವೇಷ ಹಾಕಿ ಶತ್ರುಗಳಿಗೆ ಬಾರಿಸುತ್ತಾನೆ. ಆದರೆ ಮರೆಯಲಾಗದ್ದು ಬೇರೆ. ಎಲ್ಲರಿಗೂ ಮನೆಯಿಂದ ಕಾಗದ ಬರುತ್ತದೆ, ಇವನಿಗಿಲ್ಲ. ಇನ್ನೊಬ್ಬನ ಹೆಗಲ ಮೇಲಿಂದ ಇಣುಕಿ ಓದುತ್ತಾ, ಅವನೊಂದಿಗೇ ನಗುತ್ತಾನೆ, ಅವನೊಂದಿಗೇ ಅಳುಮೋರೆ ಮಾಡುತ್ತಾನೆ. ಮನೆಯಿಂದ ದೂರವಿರುವ ಯಾರಿಗಾದರೂ ಇದು ಅರ್ಥವಾದೀತು.

ಚಿತ್ರ ತೆರೆಕಂಡದ್ದು 1918ರ ಅಕ್ಟೋಬರ್ 20ರಂದು. ಮೂರು ವಾರಗಳಲ್ಲೇ ಯುದ್ಧ ನಿಂತಿತು. ಊರಿಗೆ ಮರಳಿದ ಸೈನಿಕರೂ ಅದನ್ನು ಮೆಚ್ಚಿದರು.

1940ರಲ್ಲಿ ಹಿಟ್ಲರನನ್ನೂ ಅಣಕಿಸಿದ ಚಾಪ್ಲಿನ್ 1977ರ ಕ್ರಿಸ್‌ಮಸ್ ದಿನ ಸ್ವಿಟ್ಜರ್ಲೆಂಡಿನಲ್ಲಿ ತೀರಿಕೊಂಡರು.