ಆಕಾಶವಾಣಿಯ ಗೋಪಾಲಸ್ವಾಮಿ

ದೂರದೇಶದ ಕಣದಲ್ಲಿ ಇಬ್ಬರು ಜಟ್ಟಿಗಳು ಮುಷ್ಟಿಯುದ್ಧಕ್ಕೆ ನಿಂತಿರುತ್ತಾರೆ. ಅವರ ಒಂದೊಂದು ಪಟ್ಟನ್ನೂ ಪೆಟ್ಟನ್ನೂ ವೀಕ್ಷಕ ವಿವರಣೆಕಾರನು ಬಣ್ಣಿಸುತ್ತಿದ್ದರೆ, ಮಂಡ್ಯದಲ್ಲಿಯೋ ಮಳವಳ್ಳಿಯಲ್ಲಿಯೋ ಕುಳಿತ ನಾವು ಕಣದ ಅಂಚಿನಲ್ಲೇ ಇರುವಂತೆ ಉಸಿರು ಬಿಗಿಹಿಡಿಯುತ್ತೇವೆ. ಈ ಕಲೆ ದೂರದರ್ಶನಕ್ಕಿಂತ ಹಿರಿಯದು. 1921ರ ಜುಲೈ 2ರಂದು ಅಮೆರಿಕದ ಜೆರ್ಸಿ ಸಿಟಿಯಲ್ಲಿ ಡೆಂಪ್ಸಿ ಮತ್ತು ಕಾರ್ಪೆಂಟಿಯರ್ ಎಂಬ ಮಲ್ಲರು ಕಾದಾಡಿದಾಗ, ಆಂಡ್ರ್ಯೂ ವೈಟ್ ಎಂಬಾತನು ಕಣದ ಪಕ್ಕದಲ್ಲಿ ಕುಳಿತು ದೂರವಾಣಿಯ ಮೂಲಕ ವಿವರಣೆ ಕೊಟ್ಟನು. ಬಾನುಲಿ ಅದನ್ನು ಸಾವಿರಾರು ಕಿವಿಗಳಿಗೆ ಮುಟ್ಟಿಸಿತು. ಮನುಷ್ಯನ ಮಾತಿಗೆ ರೆಕ್ಕೆ ಮೂಡಿದ ಕಾಲವದು. ಆ ರೆಕ್ಕೆಯನ್ನು ಕನ್ನಡದ ಮಾತಿಗೂ ತೊಡಿಸಿದವರು ಮೈಸೂರಿನ ಒಬ್ಬ ಅಧ್ಯಾಪಕರು. ಅವರೇ ಡಾಕ್ಟರ್ ಎಂ. ವಿ. ಗೋಪಾಲಸ್ವಾಮಿಯವರು.

ಗೋಪಾಲಸ್ವಾಮಿಯವರು ಎಂಜಿನಿಯರರಲ್ಲ, ವ್ಯಾಪಾರಿಗಳೂ ಅಲ್ಲ, ಮನಶ್ಶಾಸ್ತ್ರದ ಪಂಡಿತರು. ಲಂಡನ್ನಿಗೆ ತೆರಳಿ, ಬುದ್ಧಿಶಕ್ತಿಯ ಮಾಪನದಲ್ಲಿ ಜಗತ್ಪ್ರಸಿದ್ಧರಾಗಿದ್ದ ಸ್ಪಿಯರ್‌ಮನ್‌ರ ಬಳಿ ಸಂಶೋಧನೆ ನಡೆಸಿ ಹಿಂದಿರುಗಿದರು. 1924ರಲ್ಲಿ ಮೈಸೂರು ವಿಶ್ವವಿದ್ಯಾನಿಲಯದಲ್ಲಿ ಮನಶ್ಶಾಸ್ತ್ರ ವಿಭಾಗ ಆರಂಭವಾದಾಗ ಅದರ ಹೊಣೆ ಇವರದಾಯಿತು. ಮಹಾರಾಜ ಕಾಲೇಜಿನಲ್ಲಿ ವಿದ್ಯಾರ್ಥಿಗಳಿಗೆ ಪಾಠ ಹೇಳುವುದರ ಜೊತೆಗೆ ಪುಟ್ಟ ಮಕ್ಕಳ ಶಿಕ್ಷಣದಲ್ಲಿಯೂ ನಾಟಕದಲ್ಲಿಯೂ ಅವರು ಆಸಕ್ತಿ ವಹಿಸಿದ್ದರು. ಮನಸ್ಸು ಮನಸ್ಸನ್ನು ಮುಟ್ಟುವ ಬಗೆಯನ್ನು ಅರಿಯಹೊರಟವರಿಗೆ ಬಾನುಲಿ ಹೊಸದೊಂದು ಬಾಗಿಲಾಗಿ ಕಂಡುದು ಸಹಜವೇ ಸರಿ.

ಆಗ ಭಾರತದಲ್ಲಿ ಬಾನುಲಿ ಇನ್ನೂ ಎಳೆಯ ಕೂಸು. 1927ರಲ್ಲಿ ಮುಂಬಯಿ ಮತ್ತು ಕಲ್ಕತ್ತೆಗಳಲ್ಲಿ ಪ್ರಸಾರ ಆರಂಭಿಸಿದ ಖಾಸಗಿ ಸಂಸ್ಥೆಯೊಂದು ಮೂರೇ ವರ್ಷಗಳಲ್ಲಿ ನಷ್ಟದಿಂದ ಮುಚ್ಚಿಹೋಗಿತ್ತು. ದೊಡ್ಡ ನಗರಗಳಲ್ಲಿ ಹಣವಂತರಿಗೇ ನಿಭಾಯಿಸಲಾಗದ ಕೆಲಸಕ್ಕೆ ಒಬ್ಬ ಅಧ್ಯಾಪಕರು ಕೈ ಹಾಕಿದರು. 1935ರ ಸೆಪ್ಟೆಂಬರ್ 10ರಂದು ಮೈಸೂರಿನ ತಮ್ಮ ಮನೆಯಾದ ವಿಠ್ಠಲ ವಿಹಾರದಿಂದಲೇ ಅವರು ಪ್ರಸಾರವನ್ನು ಪ್ರಾರಂಭಿಸಿದರು. ಪ್ರೇಷಕಯಂತ್ರದ ಶಕ್ತಿ ಕೇವಲ 30 ವಾಟ್. ಒಂದು ವಿದ್ಯುದ್ದೀಪಕ್ಕೆ ಬೇಕಾದಷ್ಟು. ಅಂದು ಮೈಸೂರು ನಗರಕ್ಕೆ ವಿದ್ಯುತ್ತನ್ನು ಕಳುಹಿಸುತ್ತಿದ್ದುದು ಮಳವಳ್ಳಿ ತಾಲ್ಲೂಕಿನ ಶಿವನಸಮುದ್ರ. 1902ರಿಂದ ವಿದ್ಯುತ್ತಾಗಿ ಹರಿಯುತ್ತಿದ್ದ ಕಾವೇರಿ ಈಗ ಮಾತಾಗಿಯೂ ಹಾಡಾಗಿಯೂ ಹರಿಯತೊಡಗಿದಳು ಎನ್ನಬಹುದು.

ಈ ನಿಲಯಕ್ಕೆ ಇಟ್ಟ ಹೆಸರು ‘ಆಕಾಶವಾಣಿ’. ಹೆಸರನ್ನು ಸೂಚಿಸಿದವರು ಹಾಸ್ಯಸಾಹಿತಿ ನಾ. ಕಸ್ತೂರಿಯವರೆಂದು ಪ್ರತೀತಿ. ಅವರು ಈ ನಿಲಯದ ಕೆಲಸದಲ್ಲಿ ಹೆಗಲು ಕೊಟ್ಟವರು. ಪುರಾಣಗಳಲ್ಲಿ ಅಶರೀರವಾಣಿಯನ್ನು ಕೇಳಿ ಅರಿತಿದ್ದ ನಮ್ಮ ಜನಕ್ಕೆ ಹೊಸ ಯಂತ್ರವು ಈ ಒಂದೇ ಪದದಿಂದ ಆತ್ಮೀಯವಾಯಿತು.

ಆದರೆ ಹೆಸರಿನಿಂದ ಯಂತ್ರ ನಡೆಯದು. ಗೋಪಾಲಸ್ವಾಮಿಯವರು ತಮ್ಮ ಸ್ವಂತ ಹಣವನ್ನು ಇದಕ್ಕೆ ತೊಡಗಿಸಿದರು. ಮುಂದೆ 250 ವಾಟ್ ಶಕ್ತಿಯ ಯಂತ್ರವನ್ನು ತರಿಸಿದರು. ಮೈಸೂರಿನ ಪುರಸಭೆಯೂ ನೆರವು ನೀಡಿತು. ಹಗಲು ಪಾಠ, ಬಳಿಕ ಪ್ರಸಾರದ ಹೊಣೆ ಎಂಬಂತೆ ಎರಡು ನೊಗಗಳನ್ನು ಅವರು ಒಟ್ಟಿಗೆ ಹೊತ್ತರು. ಇಷ್ಟಾದರೂ ಏರುವ ವೆಚ್ಚವನ್ನು ಒಬ್ಬ ವ್ಯಕ್ತಿ ಬಹುಕಾಲ ಭರಿಸುವಂತಿರಲಿಲ್ಲ. 1940ರ ದಶಕದ ಆರಂಭದಲ್ಲಿ ನಿಲಯವು ಮೈಸೂರು ಸಂಸ್ಥಾನದ ಸರ್ಕಾರಕ್ಕೆ ಸೇರಿತು. ತಾವು ನೆಟ್ಟ ಸಸಿ ತಮ್ಮ ಅಂಗಳದಲ್ಲೇ ಇರಬೇಕೆಂದು ಹಟ ಹಿಡಿದಿದ್ದರೆ ಅದು ಒಣಗಿಹೋಗುತ್ತಿತ್ತು. ಬಿಟ್ಟುಕೊಟ್ಟುದರಿಂದ ಅದು ಬದುಕಿತು. ಕಟ್ಟುವುದು ಎಷ್ಟು ದೊಡ್ಡದೋ ಸಕಾಲದಲ್ಲಿ ಒಪ್ಪಿಸಿಬಿಡುವುದೂ ಅಷ್ಟೇ ದೊಡ್ಡದು.

ಸ್ವಾತಂತ್ರ್ಯಾನಂತರ ನಿಲಯವು ಅಖಿಲ ಭಾರತ ಬಾನುಲಿಯಲ್ಲಿ ವಿಲೀನವಾಯಿತು. 1955ರಲ್ಲಿ ಬೆಂಗಳೂರು ನಿಲಯ ಆರಂಭವಾದಾಗ ಮೈಸೂರಿನ ಪ್ರಸಾರ ಅಲ್ಲಿಗೆ ವರ್ಗವಾಯಿತು. ಗೋಪಾಲಸ್ವಾಮಿಯವರು 1957ರಲ್ಲಿ ನಿಧನರಾದರು. ಮೈಸೂರಿನಲ್ಲಿ ನಿಲಯ ಮತ್ತೆ ದನಿಯೆತ್ತಿದುದು 1974ರಲ್ಲಿ. ಅದನ್ನು ಕೇಳಲು ಅವರಿರಲಿಲ್ಲ. ಮದ್ದೂರು, ಮಳವಳ್ಳಿಗಳ ಹಳ್ಳಿಗಳಲ್ಲಿ ರೈತರು ಬತ್ತ ಕಬ್ಬುಗಳ ವಿಚಾರವನ್ನು ಬಾನುಲಿಯಲ್ಲಿ ಆಲಿಸಿದರು. ದಸರೆಯ ಮೆರವಣಿಗೆಗೆ ಹೋಗಲಾರದ ಮುದುಕರು ಮನೆಯಲ್ಲಿ ಕಣ್ಣು ಮುಚ್ಚಿ ಕುಳಿತು, ವೀಕ್ಷಕ ವಿವರಣೆಯಲ್ಲಿ ಅಂಬಾರಿಯನ್ನು ಕಂಡರು.

ಗೋಪಾಲಸ್ವಾಮಿಯವರ ಹೆಸರನ್ನು ಅರಿತವರು ಇಂದು ವಿರಳ. ಆದರೆ ಅವರ ನಿಲಯದ ಹೆಸರು ನಾಡಿನ ಗಡಿಯನ್ನು ದಾಟಿತು. 1950ರ ದಶಕದ ಉತ್ತರಾರ್ಧದಲ್ಲಿ ಭಾರತದ ಬಾನುಲಿಯೆಲ್ಲ ‘ಆಕಾಶವಾಣಿ’ ಎನಿಸಿಕೊಂಡಿತು. 2023ರಲ್ಲಿ ಇಂಗ್ಲಿಷ್ ಪ್ರಸಾರಗಳಲ್ಲಿಯೂ ಅದೊಂದೇ ಹೆಸರು ಉಳಿಯಿತು. ಮೈಸೂರಿನ ಒಂದು ಮನೆಯಲ್ಲಿ, ಒಂದು ದೀಪದಷ್ಟು ಶಕ್ತಿಯಿಂದ ಹೊರಟ ದನಿ ಇದು. ಆ ದೀಪವನ್ನು ಹಚ್ಚಿದ ಅಧ್ಯಾಪಕರನ್ನು ನೆನೆಯುವುದು ನಮ್ಮ ಕರ್ತವ್ಯ.