ರಾಜ್ಯ ಹೋಯಿತು, ಕುದುರೆ ಉಳಿಯಿತು: ಮುಮ್ಮಡಿ ಕೃಷ್ಣರಾಜ ಒಡೆಯರ ಚದುರಂಗ

ಮೊನ್ನೆ ಬಂಟ್ವಾಳದ ಕಡೆ ಒಂದು ಶಾಲೆಯ ಚೆಸ್ ಪಂದ್ಯಾಟದ ಸುದ್ದಿಗೆ ಹೋಗಿದ್ದೆ. ಹೊರಗೆ ಜೋರು ಮಳೆ. ತನ್ನ ಪಂದ್ಯ ಮುಗಿಸಿದ್ದ ಒಬ್ಬ ಹುಡುಗ ಖಾಲಿ ಬೋರ್ಡಿನ ಮೇಲೆ ಒಂದೇ ಒಂದು ಕುದುರೆ ಇಟ್ಟುಕೊಂಡು, ಹೋದ ಮನೆಗೆ ಮತ್ತೆ ಹೋಗದೆ 64 ಮನೆಯನ್ನೂ ಸುತ್ತಿಸಲು ನೋಡ್ತಾ ಇದ್ದ. ನಲವತ್ತು ಚಿಲ್ಲರೆ ಮನೆ ಆಗುವಾಗ ಕುದುರೆ ಸಿಕ್ಕಿಹಾಕಿಕೊಂಡಿತು. ಇದೇ ಲೆಕ್ಕದ ಹಿಂದೆ ಬಿದ್ದಿದ್ದ ಒಬ್ಬ ಅರಸರು ನಮ್ಮ ರಾಜ್ಯದಲ್ಲೇ ಇದ್ದರು ಅಂತ ಅವನಿಗೆ ಗೊತ್ತಿರಲಿಲ್ಲ. ನನಗೂ ಗೊತ್ತಾಗಿದ್ದು ಇತ್ತೀಚೆಗೇ.

ಮುಮ್ಮಡಿ ಕೃಷ್ಣರಾಜ ಒಡೆಯರು ಹುಟ್ಟಿದ್ದು 1794ರಲ್ಲಿ. 1799ರ ಮೇ ತಿಂಗಳಲ್ಲಿ ಟಿಪ್ಪು ಸತ್ತ ಮೇಲೆ ಇಂಗ್ಲಿಷರು ಈ ಐದು ವರ್ಷದ ಮಗುವನ್ನು ಮೈಸೂರಿನ ಗದ್ದಿಗೆಯಲ್ಲಿ ಕೂರಿಸಿದರು. ನಮ್ಮ ಕೆನರಾ ಜಿಲ್ಲೆ ನೇರ ಕಂಪೆನಿಯ ಕೈಗೆ ಹೋದದ್ದೂ ಅದೇ ವರ್ಷ. ಹಾಗಾಗಿ ಬಂಟ್ವಾಳ, ಮೂಡಬಿದಿರೆಗೆ ಇವರು ಯಾವತ್ತೂ ಅರಸರಾಗಿರಲಿಲ್ಲ. ದಿವಾನ್ ಪೂರ್ಣಯ್ಯ ಹನ್ನೊಂದು ವರ್ಷ ಆಡಳಿತ ನಡೆಸಿ 1810ರ ಕೊನೆಗೆ ಅಧಿಕಾರ ಬಿಟ್ಟುಕೊಟ್ಟರು. ಹದಿನಾರರ ಹುಡುಗನ ಕೈಗೆ ರಾಜ್ಯ ಬಂತು. ಜೊತೆಗೆ ಕಂಪೆನಿಗೆ ವರ್ಷಕ್ಕೆ ಏಳು ಲಕ್ಷ ವರಹ ಕಪ್ಪ ಕಟ್ಟುವ ಹೊರೆಯೂ ಬಂತು.

ಕೈ ದೊಡ್ಡದು, ಸಾಲ ಬೆಳೆಯಿತು. 1830ರಲ್ಲಿ ನಗರದ ರೈತರು ದಂಗೆ ಎದ್ದರು. ಅದನ್ನೇ ನೆಪ ಮಾಡಿ 1831ರಲ್ಲಿ ಗವರ್ನರ್ ಜನರಲ್ ಬೆಂಟಿಂಕ್ ಆಡಳಿತವನ್ನು ಕಿತ್ತುಕೊಂಡ. ಅರಸರದ್ದು ತಪ್ಪೇ ಇಲ್ಲ ಅಂತ ನಾನು ಹೇಳುವುದಿಲ್ಲ. ಆದರೆ ಅಂಥ ಹೊರೆ ಹೊರಿಸಿ, ಬಿದ್ದಾಗ ಬೈಯುವುದೂ ಒಂದು ವ್ಯವಹಾರವೇ ಅಲ್ವಾ ಮಾರಾಯ್ರೆ. ವರ್ಷಕ್ಕೆ ಒಂದು ಲಕ್ಷ ವರಹ ಮತ್ತು ಆದಾಯದ ಐದನೇ ಒಂದು ಪಾಲು ಸಿಗುತ್ತಿತ್ತು. ಅರಮನೆ ಉಂಟು, ಅರಸ ಉಂಟು, ಅಧಿಕಾರ ಮಾತ್ರ ಇಲ್ಲ. ಆಗ ಅವರಿಗೆ 37 ವರ್ಷ. ಮುಂದಿನ 37 ವರ್ಷ ಹಾಗೇ ಕಳೆಯಬೇಕಿತ್ತು.

ಈ ಎರಡನೇ 37 ವರ್ಷದ ಬಗ್ಗೆಯೇ ನನಗೆ ಬರೆಯಬೇಕು ಅನಿಸಿದ್ದು. ಆಟದ ಹುಚ್ಚಿನಲ್ಲಿ ಕಾಲ ಕಳೆದ ಅರಸ ಅಂತ ಒಂದೇ ಮಾತಲ್ಲಿ ಮುಗಿಸಿಬಿಡುವವರು ಈಗಲೂ ಇದ್ದಾರೆ. ಆಟ ಆಡಿದ್ದು ಹೌದು. ಆದರೆ ಹೇಗೆ ಆಡಿದರು ನೋಡಿ.

ಅವರ ಹೆಸರಿನಲ್ಲಿರುವ ಶ್ರೀತತ್ತ್ವನಿಧಿ ಎಂಬ ದೊಡ್ಡ ಚಿತ್ರಗ್ರಂಥಕ್ಕೆ ಒಂಬತ್ತು ಭಾಗ. ಎಂಟರಲ್ಲಿ ದೇವರು, ಗ್ರಹ, ಆಗಮ. ಒಂಬತ್ತನೆಯದು ಕೌತುಕನಿಧಿ, ಅದರಲ್ಲಿ ಆಟಗಳಿಗೆ ಜಾಗ. 122 ಯೋಗಾಸನಗಳ ಚಿತ್ರ ಇರುವುದೂ ಅದರಲ್ಲೇ. ಗಂಜೀಫಾ ಎಲೆಯಾಟದಲ್ಲಿ ಅವರು ಹೊಸ ಹೊಸ ಆಟ ಕಟ್ಟಿದರು. ಒಂದಕ್ಕೆ 360 ಎಲೆ! ಇಸ್ಪೀಟಿನ 52 ಎಲೆಯನ್ನೇ ಸರಿ ಕಲಸಲು ಬಾರದ ನನ್ನಂಥವನಿಗೆ ಅದನ್ನು ಹಿಡಿಯುವುದು ಹೇಗೆ ಅಂತಲೇ ಅರ್ಥ ಆಗಲಿಲ್ಲ.

ಆದರೆ ಅಸಲಿ ಸಾಧನೆ ಕುದುರೆಯದ್ದು. ಚೆಸ್ಸಿನಲ್ಲಿ ಕುದುರೆ ಎರಡು ಮನೆ ನೇರ ಹೋಗಿ ಒಂದು ಮನೆ ಪಕ್ಕಕ್ಕೆ ತಿರುಗುತ್ತದೆ. ಅದನ್ನು ಎಲ್ಲ ಮನೆಗೂ ಒಂದೊಂದೇ ಸಲ ಹಾಯಿಸುವ ವಿದ್ಯೆ ನಮ್ಮಲ್ಲಿ ಹಳೆಯದು. ಒಂಬತ್ತನೇ ಶತಮಾನದ ರುದ್ರಟನ ಕಾವ್ಯಾಲಂಕಾರದಲ್ಲೇ ಈ ನಡೆಯಲ್ಲಿ ಅಕ್ಷರ ಜೋಡಿಸಿದ ಶ್ಲೋಕ ಉಂಟು. (ಕುದುರೆಯನ್ನು ಒಗಟು ಮಾಡುವುದು ನಮ್ಮ ಕಡೆಗೂ ಹೊಸತಲ್ಲ. ಮೂಡಬಿದಿರೆಯ ಚೌಟರ ಅರಮನೆಯ ಕಂಬದಲ್ಲಿ ಐದು ಹೆಂಗಸರು ಸೇರಿ ಒಂದು ಕುದುರೆಯಾದ ಪಂಚನಾರಿ ತುರಗ ನೋಡಿದವರಿಗೆ ಗೊತ್ತು.)

ಮುಮ್ಮಡಿಯವರು ಅಲ್ಲಿಗೇ ನಿಲ್ಲಲಿಲ್ಲ. ಕುದುರೆ ಹೋದ ಕ್ರಮದಲ್ಲಿ ಮನೆಗಳಿಗೆ 1, 2, 3 ಅಂತ ಅಂಕೆ ಹಾಕುತ್ತಾ ಹೋಗಿ. ಕೊನೆಗೆ ಯಾವ ಅಡ್ಡಸಾಲು ಕೂಡಿಸಿದರೂ, ಯಾವ ಉದ್ದಸಾಲು ಕೂಡಿಸಿದರೂ ಒಂದೇ ಮೊತ್ತ ಬರಬೇಕು. 64 ಮನೆಯ ಬೋರ್ಡಿನಲ್ಲಿ ಆ ಮೊತ್ತ 260. ಇಂಗ್ಲೆಂಡಿನಲ್ಲಿ ಬೆವರ್ಲಿ ಎಂಬವರು ಅಂಥದ್ದೊಂದನ್ನು 1848ರಲ್ಲಿ ಪ್ರಕಟಿಸಿದರು. ಮುಮ್ಮಡಿಯವರು ಹನ್ನೆರಡು ಸಾಲಿನ, 144 ಮನೆಯ ಬೋರ್ಡಿನಲ್ಲಿ ಇದನ್ನು ಮಾಡಿದರು. ಅಲ್ಲಿ ಸಾಲಿಗೆ 870. ಕಂಪ್ಯೂಟರ್ ಇಲ್ಲ, ಕ್ಯಾಲ್ಕುಲೇಟರ್ ಇಲ್ಲ. ಒಂದು ಅಂಕೆ ತಪ್ಪಿದರೆ ಎರಡು ಸಾಲು ಹಾಳು, ಅದನ್ನು ಸರಿ ಮಾಡಲು ಹೋದರೆ ಕುದುರೆಯ ದಾರಿಯೇ ಕೆಡುತ್ತದೆ. 64 ಮನೆಯಲ್ಲಿ ಮೂಲೆಯಿಂದ ಮೂಲೆಗೂ 260 ಬರುವ ಹಾಗೆ ಮಾಡಲು ಸಾಧ್ಯವೇ ಇಲ್ಲ ಅಂತ ಗೊತ್ತಾಗಿದ್ದು 2003ರಲ್ಲಿ, ಕಂಪ್ಯೂಟರ್ ಸುಮಾರು 61 ದಿನ ಲೆಕ್ಕ ಹಾಕಿದ ಮೇಲೆ. ಅರಸರು ಎಂಥ ಕಾಡಿಗೆ ಹೊಕ್ಕಿದ್ದರು ಅಂತ ಇದರಿಂದ ಅಂದಾಜು ಮಾಡಬಹುದು.

ನಮ್ಮ ಊರಲ್ಲಿ ಆಟ ಅಂದರೆ ಹಗುರದ ವಿಷಯ ಅಲ್ಲ. ಆಟಿ ತಿಂಗಳಲ್ಲಿ ಚೆನ್ನೆಮಣೆ ಇಟ್ಟರೆ ಅಬ್ಬಗ-ದಾರಗರ ನೆನಪಾಗುತ್ತದೆ. ಅಕ್ಕತಂಗಿಯರ ಜೀವ ಹೋದದ್ದೇ ಆ ಮಣೆಯ ಜಗಳದಲ್ಲಿ.

ಈ ಅರಸರು ಬೋರ್ಡಿನ ಮುಂದೆ ಕೂತು ಹೊರಗಿನದ್ದನ್ನು ಮರೆತರು ಅಂತ ತಿಳಿಯಬೇಡಿ. 1833ರಲ್ಲಿ ಮೈಸೂರಿನಲ್ಲಿ ಇಂಗ್ಲಿಷ್ ಶಾಲೆ ತೆರೆದರು, ಮುಂದೆ ಅದೇ ಮಹಾರಾಜ ಕಾಲೇಜಾಯಿತು. ರಾಜ್ಯ ವಾಪಸ್ ಕೊಡಿ ಅಂತ ಒಬ್ಬರಾದ ಮೇಲೆ ಒಬ್ಬರು ಗವರ್ನರ್ ಜನರಲ್‌ಗೆ ಬರೆಯುತ್ತಲೇ ಇದ್ದರು. ಗಂಡು ಸಂತಾನ ಇಲ್ಲ, ಅವರು ತೀರಿಕೊಂಡರೆ ಮೈಸೂರು ಕೂಡಾ ಇಂಗ್ಲಿಷರ ಪಾಲು ಎಂಬ ಲೆಕ್ಕ ಆಚೆ ಕಡೆ ನಡೆದಿತ್ತು. 1865ರಲ್ಲಿ, 71ನೇ ವಯಸ್ಸಿನಲ್ಲಿ ಅವರು ಮಗು ಚಾಮರಾಜೇಂದ್ರನನ್ನು ದತ್ತು ತೆಗೆದುಕೊಂಡರು. ಮೊದಲು ಒಪ್ಪದ ಸರಕಾರ 1867ರಲ್ಲಿ ಒಪ್ಪಿತು. ಮರುವರ್ಷ ಮಾರ್ಚ್ 27ರಂದು ಅರಸರು ತೀರಿಕೊಂಡರು. 1881ರಲ್ಲಿ ರಾಜ್ಯ ಆ ದತ್ತುಪುತ್ರನ ಕೈಗೆ ಬಂತು. ಅದನ್ನು ನೋಡಲು ಇವರು ಇರಲಿಲ್ಲ.

ಅದೇ ಮೈಸೂರಿನ ಎಂ.ಎಸ್. ತೇಜಕುಮಾರ್ 2017ರಲ್ಲಿ ಕರ್ನಾಟಕದ ಮೊದಲ ಗ್ರ್ಯಾಂಡ್‌ಮಾಸ್ಟರ್ ಆದರು. ಶಾಲೆಯಿಂದ ಮೈಸೂರು ಟೂರ್ ಹೋದರೆ ಝೂ, ದೊಡ್ಡ ಅರಮನೆ ನೋಡಿ ಬಸ್ಸು ಹತ್ತುವುದು ವಾಡಿಕೆ. 1861ರಲ್ಲಿ ಇವರು ಕಟ್ಟಿಸಿದ ಜಗನ್ಮೋಹನ ಅರಮನೆಗೂ ಹೋಗಿ, ಗೋಡೆಯ ಮೇಲೆ ಬರೆಸಿದ ಆಟದ ಹಾಸುಗಳು ಅಲ್ಲಿ ಉಂಟು.

ಆ ಹುಡುಗನಿಗೆ ಅಲ್ಲಿದ್ದ ಒಬ್ಬ ಮೇಷ್ಟ್ರು ಒಂದು ಉಪಾಯ ಹೇಳಿಕೊಟ್ಟರು: ಮುಂದೆ ಹೋಗಲು ಅತಿ ಕಡಿಮೆ ದಾರಿ ಇರುವ ಮನೆಗೆ ಕುದುರೆಯನ್ನು ಮೊದಲು ಇಡಬೇಕು, ಮೂಲೆಗಳನ್ನು ಕೊನೆಗೆ ಉಳಿಸಬಾರದು. ಎರಡನೇ ಸಲ ಅವನು 61ನೇ ಮನೆವರೆಗೆ ಹೋದ. ಅಷ್ಟರಲ್ಲಿ ಊಟಕ್ಕೆ ಕರೆದರು, ಅವನು ಏಳಲಿಲ್ಲ.