ಬೀಳಗಿಯಿಂದ ಬೊಂಬಾಯಿಗೆ: ಅಮೀರ್‌ಬಾಯಿ ಕರ್ನಾಟಕಿ

ನಾಗಪುರದ ನಮ್ಮ ಯಾವ ಕೂಟದಲ್ಲಾದರೂ ಅಂತ್ಯಾಕ್ಷರಿ ಶುರುವಾಗಲಿ, 'ಗ' ಅಕ್ಷರ ಬಂದ ಕೂಡಲೇ ಯಾರಾದರೊಬ್ಬರು 'ಗೋರೇ ಗೋರೇ' ಎತ್ತಿಕೊಳ್ಳುತ್ತಾರೆ. ಅಜ್ಜಿಯರಿಂದ ಹಿಡಿದು ಮೊಮ್ಮಕ್ಕಳವರೆಗೆ ಎಲ್ಲರೂ ಚಪ್ಪಾಳೆ ಹಾಕುತ್ತಾರೆ. ಹಾಡಿದವರು ಯಾರು ಅಂತ ಕೇಳಿದರೆ ಲತಾ ಮಂಗೇಶ್ಕರ್ ಎಂಬ ಉತ್ತರ ತಡವಿಲ್ಲದೆ ಬರುತ್ತದೆ. ಆ ಉತ್ತರ ಅರ್ಧ ಮಾತ್ರ ಸರಿ. 1950ರ 'ಸಮಾಧಿ' ಚಿತ್ರದ ಆ ಹಾಡಿನಲ್ಲಿ ಎರಡು ಹೆಣ್ಣು ದನಿಗಳಿವೆ. ಒಂದು ಲತಾ ಅವರದು. ಇನ್ನೊಂದು ನಮ್ಮ ಬೀಳಗಿಯ ಹೆಣ್ಣುಮಗಳು ಅಮೀರ್‌ಬಾಯಿ ಕರ್ನಾಟಕಿಯವರದು.

ನನಗೂ ಇದು ಬಹಳ ದಿನ ಗೊತ್ತಿರಲಿಲ್ಲ. ಮೊಬೈಲಿನಲ್ಲಿ ಹಾಡು ಕೇಳುವಾಗ ಗಾಯಕರ ಹೆಸರಿನ ಜಾಗದಲ್ಲಿ ಕಂಡ 'ಕರ್ನಾಟಕಿ' ಎಂಬ ಅಡ್ಡಹೆಸರು ಕುತೂಹಲ ಹುಟ್ಟಿಸಿತು. ಡೇಟಾ ಜೊತೆ ದಿನವಿಡೀ ಏಗುವ ಕೆಲಸ ನನ್ನದು. ಒಂದು ಕಾಲಂನಲ್ಲಿ ವಿಚಿತ್ರವಾದದ್ದು ಕಂಡರೆ ಅದರ ಬೆನ್ನು ಹತ್ತದೆ ಬಿಡುವ ಸ್ವಭಾವವಲ್ಲ. ಹಾಗೆ ಹುಡುಕುತ್ತಾ ಹೋದಾಗ, ವಿಮರ್ಶಕ ರಹಮತ್ ತರೀಕೆರೆಯವರು ಇವರ ಬಗ್ಗೆ ಒಂದು ಪುಸ್ತಕವನ್ನೇ ಬರೆದಿದ್ದಾರೆಂದು ತಿಳಿಯಿತು. ಕನ್ನಡಿಗರು ಮರೆತಿದ್ದವರನ್ನು ಕನ್ನಡಿಗರೇ ಹುಡುಕಿ ತಂದದ್ದು ಸಮಾಧಾನದ ಸಂಗತಿ.

ಬೀಳಗಿ ಈಗ ಬಾಗಲಕೋಟೆ ಜಿಲ್ಲೆಯಲ್ಲಿದೆ. ಅಮೀರ್‌ಬಾಯಿ ಹುಟ್ಟಿದಾಗ, ಅಂದರೆ 20ನೇ ಶತಮಾನದ ಆರಂಭದ ವರ್ಷಗಳಲ್ಲಿ, ಅದು ಮುಂಬಯಿ ಪ್ರಾಂತ್ಯದ ಬಿಜಾಪುರ ಜಿಲ್ಲೆಗೆ ಸೇರಿತ್ತು. ಹಾಡು, ನಾಟಕದ ನಂಟಿದ್ದ ಮುಸ್ಲಿಂ ಕುಟುಂಬ, ಐವರು ಹೆಣ್ಣುಮಕ್ಕಳು. ಆ ಸೀಮೆಯಲ್ಲಿ ಮನೆಯೊಳಗೆ ದಖನಿ ಉರ್ದು, ಬೀದಿಯಲ್ಲಿ ಕನ್ನಡ, ನಾಟಕದ ರಂಗದ ಮೇಲೆ ಕನ್ನಡದ ಜೊತೆ ಮರಾಠಿಯೂ ಓಡಾಡುತ್ತಿತ್ತು. ನಾಗಪುರದಲ್ಲಿ ಬೆಳೆಯುವ ನಮ್ಮ ಮಕ್ಕಳು ಮೂರು ನಾಲ್ಕು ಭಾಷೆಯನ್ನು ಒಂದೇ ಉಸಿರಿನಲ್ಲಿ ಆಡುವುದನ್ನು ನೋಡಿ ನಾವು ಹೆಮ್ಮೆ ಪಡುತ್ತೇವೆ. ಬಿಜಾಪುರ ಸೀಮೆಯವರಿಗೆ ಅದು ನೂರು ವರ್ಷದ ಹಿಂದೆಯೇ ದಿನನಿತ್ಯದ ಮಾತು.

ಐವರಲ್ಲಿ ಇಬ್ಬರು ಹೆಸರು ಮಾಡಿದರು: ಗೋಹರ್‌ಬಾಯಿ ಮತ್ತು ಅಮೀರ್‌ಬಾಯಿ. ಗೋಹರ್‌ಬಾಯಿಯವರ ಹೆಸರು ನಮ್ಮ ಮರಾಠಿ ನೆರೆಹೊರೆಯವರಿಗೆ ಚೆನ್ನಾಗಿ ಗೊತ್ತು, ಆದರೆ ಸ್ವಲ್ಪ ಮುಖ ಸಿಂಡರಿಸಿಯೇ ಹೇಳುತ್ತಾರೆ. ಹೆಣ್ಣಿನ ಪಾತ್ರಗಳಿಂದ ಮಹಾರಾಷ್ಟ್ರವನ್ನು ಮರುಳು ಮಾಡಿದ್ದ ಬಾಲಗಂಧರ್ವರ ನಾಟಕ ಕಂಪನಿಗೆ ನಟಿಯಾಗಿ ಸೇರಿದವರು ಅವರು. 1951ರಲ್ಲಿ ಇಬ್ಬರೂ ಮದುವೆಯಾದರು. ಬಾಲಗಂಧರ್ವರ ಇಳಿಗಾಲದ ಕಷ್ಟಕ್ಕೆಲ್ಲ ಈಕೆಯೇ ಕಾರಣ ಎಂದು ಅಭಿಮಾನಿಗಳು ದೂರಿದರು. ಕಂಪನಿ ಆಗಲೇ ಸಾಲದಲ್ಲಿತ್ತು, ಸಿನಿಮಾ ಬಂದು ನಾಟಕದ ಪ್ರೇಕ್ಷಕರನ್ನು ಕಿತ್ತುಕೊಂಡಿತ್ತು, ನಟನಿಗೆ ವಯಸ್ಸಾಗಿತ್ತು. ಇಷ್ಟೆಲ್ಲ ಇದ್ದರೂ ಬೊಟ್ಟು ಮಾತ್ರ ಹೊರಗಿನಿಂದ ಬಂದ, ಬೇರೆ ಧರ್ಮದ ಹೆಂಗಸಿನ ಕಡೆಗೇ ಹೋಯಿತು. ನನಗಂತೂ ಇದು ನ್ಯಾಯವಾಗಿ ಕಾಣುವುದಿಲ್ಲ.

ಅಮೀರ್‌ಬಾಯಿಯವರ ದಾರಿ ಬೇರೆ. ಚಿಕ್ಕ ವಯಸ್ಸಿನಲ್ಲೇ ಬೊಂಬಾಯಿಗೆ ಹೋದರು. ಕವ್ವಾಲಿಯೊಂದನ್ನು ಹಾಡಿ ಗ್ರಾಮೊಫೋನ್ ಕಂಪನಿಯವರ ಗಮನ ಸೆಳೆದರು. 1934ರಲ್ಲಿ 'ವಿಷ್ಣುಭಕ್ತಿ' ಚಿತ್ರದಿಂದ ತೆರೆಗೆ ಬಂದರು. ಹಿನ್ನೆಲೆ ಗಾಯನ ಇನ್ನೂ ನೆಲೆಯೂರದ ಕಾಲ ಅದು. ಹಾಡಬಲ್ಲವರೇ ನಟಿಸಬೇಕು, ನಟಿಸುವವರು ಹಾಡಲೇಬೇಕು. ಹತ್ತು ವರ್ಷದ ಹತ್ತಿರ ಅವರು ಸಣ್ಣಪುಟ್ಟ ಪಾತ್ರಗಳಲ್ಲೇ ಕಳೆದರು. 1940ರ 'ನರಸಿ ಭಗತ್' ಚಿತ್ರದಲ್ಲಿ ಹಾಡಿದ 'ವೈಷ್ಣವ ಜನ ತೋ' ಗಾಂಧೀಜಿಯವರಿಗೆ ಮೆಚ್ಚುಗೆಯಾಗಿತ್ತು ಎಂಬ ಮಾತಿದೆ.

ಆಮೇಲೆ ಬಂತು 1943ರ 'ಕಿಸ್ಮತ್'. ಬಾಂಬೆ ಟಾಕೀಸ್ ಸಂಸ್ಥೆಯ ಚಿತ್ರ, ಅನಿಲ್ ಬಿಸ್ವಾಸ್ ಸಂಗೀತ, ಅಶೋಕ್ ಕುಮಾರ್ ನಾಯಕ. ಕಲ್ಕತ್ತೆಯ ರಾಕ್ಸಿ ಚಿತ್ರಮಂದಿರದಲ್ಲಿ ಅದು ಮೂರು ವರ್ಷಕ್ಕೂ ಮೀರಿ ಓಡಿತು. ನಾಯಕಿಯ ಹಾಡುಗಳಿಗೆ ಅಮೀರ್‌ಬಾಯಿಯವರದೇ ಕಂಠ. ಮಿಕ್ಕ ಹಾಡುಗಳಿರಲಿ, ಆ ಚಿತ್ರವನ್ನು ಇತಿಹಾಸಕ್ಕೆ ಸೇರಿಸಿದ್ದು ಒಂದು ಮೇಳಗೀತೆ. ಕ್ವಿಟ್ ಇಂಡಿಯಾ ಚಳವಳಿ ನಡೆದು ನಾಯಕರೆಲ್ಲ ಜೈಲಿನಲ್ಲಿದ್ದ ಹೊತ್ತು. ಕವಿ ಪ್ರದೀಪ್ ಬರೆದ 'ದೂರ್ ಹಟೋ' ಹಾಡನ್ನು ಅಮೀರ್‌ಬಾಯಿ ಮತ್ತು ಖಾನ್ ಮಸ್ತಾನ ಸಂಗಡಿಗರ ಜೊತೆ ಹಾಡಿದರು. ಹಾಡಿನಲ್ಲಿ ಜರ್ಮನಿ, ಜಪಾನಿನ ಹೆಸರಿದ್ದುದರಿಂದ ಸೆನ್ಸಾರಿನವರು ಅದನ್ನು ಯುದ್ಧ ಪ್ರಚಾರ ಅಂತ ತಿಳಿದು ಬಿಟ್ಟರು. ಥಿಯೇಟರಿನಲ್ಲಿ ಕುಳಿತವರಿಗೆ ಮಾತ್ರ ಯಾರನ್ನು ದೂರ ಹೋಗಿ ಅನ್ನುತ್ತಿದ್ದಾರೆಂದು ಚೆನ್ನಾಗಿ ಅರ್ಥವಾಯಿತು. ಬಂಧನದ ಭಯದಿಂದ ಪ್ರದೀಪ್ ಕೆಲಕಾಲ ತಲೆಮರೆಸಿಕೊಳ್ಳಬೇಕಾಯಿತು.

ಮರುವರ್ಷ ನೌಶಾದರ 'ರತನ್'. 1946ರಲ್ಲಿ ಗುಜರಾತಿಯ 'ರಾಣಕದೇವಿ' ಚಿತ್ರಕ್ಕೆ ಹಾಡಿದ ಹಾಡು ಗುಜರಾತಿನ ಮನೆಮನೆಗೆ ಹೋಯಿತು. 1948ರಲ್ಲಿ 'ಶಹನಾಜ್' ಎಂಬ ಚಿತ್ರಕ್ಕೆ ಸ್ವತಃ ಸಂಗೀತ ನಿರ್ದೇಶನವನ್ನೂ ಮಾಡಿದರು. ಆಗ ಆ ಕುರ್ಚಿಯಲ್ಲಿ ಕೂತ ಹೆಂಗಸರನ್ನು ಬೆರಳೆಣಿಕೆಯಲ್ಲಿ ಲೆಕ್ಕ ಹಾಕಬಹುದಿತ್ತು. ಇವತ್ತಿಗೂ ಆ ಎಣಿಕೆ ಬಹಳ ಮುಂದೆ ಹೋಗಿಲ್ಲ ಅನ್ನುವುದು ಬೇರೆ ಮಾತು. ಊರ ಕಡೆಯವರು ಅವರನ್ನು ಕನ್ನಡ ಕೋಗಿಲೆ ಎಂದು ಕರೆದರು.

ಇಷ್ಟು ಓದಿದರೆ ಎಲ್ಲ ಸುಖವಾಗಿತ್ತು ಅನ್ನಿಸುತ್ತದೆ. ಮನೆಯೊಳಗೆ ಹಾಗಿರಲಿಲ್ಲ. ಅವರ ಮೊದಲ ಗಂಡ ಹಿಮಾಲಯವಾಲಾ, ಖಳನ ಪಾತ್ರಗಳಿಗೆ ಹೆಸರಾದ ನಟ. ಅಮೀರ್‌ಬಾಯಿಯವರ ಬದುಕನ್ನು ಬರೆದವರೆಲ್ಲ ಹೇಳುವಂತೆ, ಆ ಮದುವೆಯಲ್ಲಿ ಹೊಡೆತವಿತ್ತು, ದುಡಿಮೆಯ ಹಣ ಕೈಗೆ ಉಳಿಯುತ್ತಿರಲಿಲ್ಲ. ದೇಶದ ದೊಡ್ಡ ಗಾಯಕಿಯರಲ್ಲಿ ಒಬ್ಬರಾಗಿದ್ದ, ತಮ್ಮ ಸಂಪಾದನೆಯಿಂದಲೇ ಮನೆ ನಡೆಸಬಲ್ಲ ಹೆಂಗಸು ರೆಕಾರ್ಡಿಂಗ್ ಮುಗಿಸಿ ಆ ಮನೆಗೇ ಮರಳಬೇಕಿತ್ತು. ಕಡೆಗೆ ವಕೀಲರ ನೆರವಿನಿಂದ ತಲಾಖ್ ಪಡೆದರು. ಅದಕ್ಕಾಗಿ ಹಣ ಮತ್ತು ಕಾರನ್ನು ಬಿಟ್ಟುಕೊಡಬೇಕಾಯಿತು ಎನ್ನುತ್ತಾರೆ. ಹಿಮಾಲಯವಾಲಾ ದೇಶ ವಿಭಜನೆಯ ನಂತರ ಪಾಕಿಸ್ತಾನಕ್ಕೆ ಹೋಗಿ ಅಲ್ಲಿನ ಸಿನಿಮಾಗಳಲ್ಲಿ ನಟಿಸಿದರು. ಅಮೀರ್‌ಬಾಯಿ ಇಲ್ಲೇ ಉಳಿದರು, ಮುಂದೆ ಪತ್ರಕರ್ತ ಬದ್ರಿ ಕಾಂಚ್‌ವಾಲಾ ಅವರನ್ನು ಮದುವೆಯಾಗಿ ನೆಮ್ಮದಿಯಿಂದ ಬಾಳಿದರು.

ಸಂಬಳದ ಸ್ಲಿಪ್ಪು ತನ್ನ ಹೆಸರಿನಲ್ಲಿದ್ದು ಎಟಿಎಂ ಕಾರ್ಡು ಇನ್ನೊಬ್ಬರ ಜೇಬಿನಲ್ಲಿರುವ ಹೆಂಗಸರು ಈಗಲೂ ನಮ್ಮ ಆಫೀಸುಗಳಲ್ಲಿ ಇದ್ದಾರೆ. ಅಮೀರ್‌ಬಾಯಿಯವರ ಬದುಕಿನ ಈ ಪುಟ ಓದುವಾಗ ನನಗೆ ಅವರ ಮುಖಗಳೇ ಕಣ್ಣ ಮುಂದೆ ಬಂದವು.

ಇನ್ನು ಆ 'ಗೋರೇ ಗೋರೇ'. ಸಿ. ರಾಮಚಂದ್ರ ಸಂಗೀತ. ಅಮೆರಿಕದ ಚಿತ್ರವೊಂದರಲ್ಲಿ ಕಾರ್ಮೆನ್ ಮಿರಾಂಡಾ ಹಾಡಿದ್ದ ಲ್ಯಾಟಿನ್ ಧಾಟಿಯ ಹಾಡಿನಿಂದ ಪ್ರೇರಣೆ ಪಡೆದದ್ದು. ಪಾಶ್ಚಾತ್ಯ ದೇಶಗಳಲ್ಲಿ ಅಕ್ಕತಂಗಿಯರ ತಂಡಗಳು ದನಿಗೆ ದನಿ ಸೇರಿಸಿ ಹಾಡಿ ಜನರನ್ನು ಕುಣಿಸುತ್ತಿದ್ದ ಕಾಲ ಅದು. ಇಲ್ಲಿಯೂ ತೆರೆಯ ಮೇಲೆ ಹಾಡುವವರು ಸಹೋದರಿಯರ ಪಾತ್ರದಲ್ಲಿದ್ದ ನಳಿನಿ ಜಯವಂತ್ ಮತ್ತು ಕುಲದೀಪ್ ಕೌರ್. ಕಿವಿಗೊಟ್ಟು ಕೇಳಿ: ಲತಾ ಅವರ ದನಿ ತೆಳ್ಳಗೆ, ಹರಿತವಾಗಿ ಮೇಲೇರುತ್ತದೆ, ಅಮೀರ್‌ಬಾಯಿಯವರದು ತುಸು ತುಂಬು, ತುಸು ಮೂಗಿನ ದನಿ, ನಾಟಕದ ರಂಗದ ವಾಸನೆ ಹೋಗದ ದನಿ. ಒಂದೇ ಹಾಡಿನಲ್ಲಿ ಎರಡು ಕಾಲಗಳು ಕೈ ಹಿಡಿದು ಕುಣಿಯುತ್ತಿವೆ. ಹಿಂದಿನ ವರ್ಷ, 1949ರಲ್ಲಿ, 'ಮಹಲ್', 'ಬರ್ಸಾತ್', 'ಅಂದಾಜ್' ಬಂದು ಕಾಲ ಲತಾ ಅವರ ಕಡೆ ತಿರುಗಿಯಾಗಿತ್ತು. ಜೋಹ್ರಾಬಾಯಿ ಅಂಬಾಲೆವಾಲಿ, ರಾಜಕುಮಾರಿ ಮತ್ತು ಅಮೀರ್‌ಬಾಯಿ, ಮೂವರಿಗೂ ಹಾಡುಗಳು ಕಡಿಮೆಯಾದವು. ಯಾರ ತಪ್ಪೂ ಇಲ್ಲ. ಮೈಕ್ ಸುಧಾರಿಸಿತು, ಪಿಸುಮಾತಿನಂಥ ದನಿಯೂ ಸ್ಪಷ್ಟವಾಗಿ ಕೇಳತೊಡಗಿತು, ಗಟ್ಟಿ ಕಂಠದ ಅಗತ್ಯ ತೀರಿತು. ಅಮೀರ್‌ಬಾಯಿ ಮತ್ತೆ ಸಣ್ಣಪುಟ್ಟ ಪೋಷಕ ಪಾತ್ರಗಳಿಗೆ ಮರಳಿದರು, ಶುರು ಮಾಡಿದ್ದಲ್ಲಿಗೇ.

ಆ ಅಡ್ಡಹೆಸರಿನ ಬಗ್ಗೆ ಒಂದು ಮಾತು ಹೇಳಲೇಬೇಕು. 1956ರ ನವೆಂಬರ್ 1ರಂದು ಬಿಜಾಪುರ ಮುಂಬಯಿ ರಾಜ್ಯ ಬಿಟ್ಟು ಮೈಸೂರು ರಾಜ್ಯಕ್ಕೆ ಸೇರಿತು. ತಮಾಷೆಯೆಂದರೆ ಅದೇ ದಿನ ನಮ್ಮ ನಾಗಪುರ ಮಧ್ಯಪ್ರದೇಶ ಬಿಟ್ಟು ಮುಂಬಯಿ ರಾಜ್ಯಕ್ಕೆ ಬಂತು. ಒಂದೇ ಬಾಗಿಲಿನಲ್ಲಿ ಅವರು ಹೊರಗೆ, ಇವರು ಒಳಗೆ! ರಾಜ್ಯಕ್ಕೆ ಕರ್ನಾಟಕ ಎಂಬ ಹೆಸರು ಬಂದದ್ದು 1973ರಲ್ಲಿ. ಅಷ್ಟು ಹೊತ್ತಿಗೆ ಅಮೀರ್‌ಬಾಯಿ ತೀರಿಕೊಂಡು ಎಂಟು ವರ್ಷವಾಗಿತ್ತು. ಸರಕಾರ ನಕಾಶೆಯ ಮೇಲೆ ಬರೆಯುವ ಎಷ್ಟೋ ಮೊದಲೇ ಈ ಹೆಸರನ್ನು ಗ್ರಾಮೊಫೋನ್ ತಟ್ಟೆಗಳ ಮೇಲೆ ದೇಶವೆಲ್ಲ ಸುತ್ತಿಸಿದವರು ಈ ಸೋದರಿಯರು.

ಗೋಹರ್‌ಬಾಯಿ 1964ರಲ್ಲಿ ಹೋದರು. ಮರುವರ್ಷ, 1965ರ ಮಾರ್ಚ್ 3ರಂದು, ಪಾರ್ಶ್ವವಾಯುವಿನಿಂದ ಅಮೀರ್‌ಬಾಯಿಯವರೂ ತೀರಿಕೊಂಡರು. ಅವರನ್ನು ಮಣ್ಣು ಮಾಡಿದ್ದು ಬಿಜಾಪುರದಲ್ಲಿ. ತಾವು ದುಡಿದ ಹಣದಲ್ಲಿ ಅವರ ಕುಟುಂಬ ಆ ಊರಿನಲ್ಲಿ ಕಟ್ಟಿಸಿದ ಸಿನಿಮಾ ಮಂದಿರಕ್ಕೆ ಹೆಸರು ಅಮೀರ್ ಟಾಕೀಸ್. ಬಿಜಾಪುರದ ಕಡೆಯ ಸದಸ್ಯರು ನಮ್ಮಲ್ಲಿ ಸಾಕಷ್ಟು ಜನ ಇದ್ದೀರಿ. ನಿಮ್ಮಲ್ಲಿ ಎಷ್ಟು ಜನ ಅಲ್ಲಿ ಟಿಕೆಟಿಗೆ ಸಾಲು ನಿಂತಿದ್ದಿರೋ, ಆ ಅಮೀರ್ ಯಾರೆಂದು ಆಗ ಕೇಳಿದ್ದಿರೋ ಇಲ್ಲವೋ, ಮುಂದಿನ ಕೂಟದಲ್ಲಿ ಸಿಕ್ಕಾಗ ಹೇಳಿ.